ಪಾಳಿ ಯಾರ ಕೈಲಿದೆ

೨ ಜುಲೈ ೧೯೮೪, ಸೋಮವಾರ

ಹೊಸ ಮ್ಯಾನೇಜರು ಇವತ್ತು ನನಗೆ ಎರಡು ನೋಟ್‌ಬುಕ್ ಕೊಟ್ಟರು. ಒಂದು ಪಾಳಿ ಪುಸ್ತಕವಂತೆ. ಬೆಳಗಿನ ಆರರಿಂದ ಮಧ್ಯಾಹ್ನ ಎರಡರವರೆಗೆ ಶೆಡ್ಡಿನಲ್ಲಿ ಏನೇನಾಯಿತೋ ಎಲ್ಲವನ್ನೂ ಟೈಮ್ ಹಾಕಿ ಅದರಲ್ಲಿ ಬರೆಯಬೇಕು. "ಎರಡನೇದು ಯಾಕೆ ಸಾರ್?" ಅಂದೆ. "ಮೊದಲನೇದು ತುಂಬಿದ ಮೇಲೆ ಬೇಕಲ್ವಾ?" ಅಂದರು. ಅದು ತುಂಬುವವರೆಗೆ ಈ ಕೆಲಸದಲ್ಲಿ ಇರುತ್ತೇನೆ ಅನ್ನುವ ನಂಬಿಕೆ ನನಗಿಲ್ಲ. ಆದ್ದರಿಂದ ಎರಡನೆಯದನ್ನು ಮನೆಗೆ ತಂದು ಇದನ್ನು ಬರೆಯುತ್ತಿದ್ದೇನೆ. ಪಾಳಿ ಪುಸ್ತಕದಲ್ಲಿ ಬೈಗುಳಕ್ಕೆ ಜಾಗವಿಲ್ಲ, ಇದರಲ್ಲಿ ಧಾರಾಳವಾಗಿದೆ.

ಎಂಟು ವರ್ಷ ಡ್ರಿಲ್ಲಿಂಗ್ ಮೆಷಿನ್ ಮುಂದೆ ತೆಪ್ಪಗೆ ನಿಂತಿದ್ದವಳು ನಾನು. ಈಗ ಬೆಳಗಿನ ಪಾಳಿಗೆ ಇನ್‌ಚಾರ್ಜು. ನನ್ನ ಕೈ ಕೆಳಗೆ ಹದಿನಾಲ್ಕು ಜನ ಹೆಂಗಸರು. ನನ್ನ ಯೋಗ್ಯತೆ ಏನಪ್ಪಾ ಅಂದರೆ ಅವರಲ್ಲಿ ಎಸ್ಸೆಸ್ಸೆಲ್ಸಿ ಪಾಸಾದವಳು ನಾನೊಬ್ಬಳೇ. ಸಂಸ್ಕೃತದಲ್ಲಿ ಎಂಬತ್ತೊಂದು ಬಂದಿತ್ತು. ವಾಲ್ವು ಮಾಡುವುದಕ್ಕೆ ಅದು ಯಾವ ರೀತಿ ಉಪಯೋಗವೋ ದೇವರಿಗೇ ಗೊತ್ತು.

ಮ್ಯಾನೇಜರ ಹೆಸರು ಹನುಮಂತರಾಯಪ್ಪ, ಮಧುಗಿರಿ ಕಡೆಯವರು. ಇಪ್ಪತ್ತೆರಡು ವರ್ಷ ನೌಕಾಪಡೆಯಲ್ಲಿ ಅಧಿಕಾರಿಯಾಗಿದ್ದು ನಿವೃತ್ತರಾಗಿ ಬಂದಿದ್ದಾರೆ. ಎಲ್ಲರೂ ಆಗಲೇ ಕಮಾಂಡರ್ ಸಾರ್ ಅನ್ನಲು ಶುರುಮಾಡಿದ್ದಾರೆ. ಹಡಗಿನಲ್ಲಿ ಬೆಂಕಿ ಬಿದ್ದರೆ ನೀರು ಬಿಡುವ ಪೈಪಿಗೆ ಕೂರಿಸುವ ಗನ್‌ಮೆಟಲ್ ಅನ್ನುವ ಕಂಚಿನ ವಾಲ್ವಿನ ಆರ್ಡರ್ ತರಬೇಕು ಅಂತಲೇ ಫ್ಯಾಕ್ಟರಿಯ ಯಜಮಾನರು ಇವರನ್ನು ಕರೆತಂದದ್ದು. ಮೊದಲು ಐವತ್ತು ವಾಲ್ವು ಮಾದರಿಗೆ ಕಳಿಸಬೇಕಂತೆ. ಸಮುದ್ರಕ್ಕೂ ಪೀಣ್ಯಕ್ಕೂ ಎಲ್ಲಿಂದೆಲ್ಲಿಯ ಸಂಬಂಧ!

೫ ಜುಲೈ, ಗುರುವಾರ

ಇವತ್ತು ಮಾನ ಹೋಯಿತು.

ಎರಡು ಗಂಟೆಗೆ ಪಾಳಿ ಬದಲಾಗುವಾಗ ನಾನೂ ಎರಡನೇ ಪಾಳಿಯ ಪಾಪಯ್ಯನವರೂ ಎದುರುಬದುರು ನಿಲ್ಲಬೇಕಂತೆ. ನಾನು "ಪಾಳಿ ಒಪ್ಪಿಸ್ತಾ ಇದ್ದೀನಿ" ಅನ್ನಬೇಕು, ಅವರು ಎಲ್ಲರಿಗೂ ಕೇಳುವ ಹಾಗೆ "ಪಾಳಿ ನನ್ನ ಕೈಲಿದೆ" ಅನ್ನಬೇಕು. ಆಮೇಲೆ ಇಬ್ಬರೂ ಪುಸ್ತಕದಲ್ಲಿ ಟೈಮ್ ಬರೆಯಬೇಕು. ಹಡಗಿನಲ್ಲಿ ಹೀಗೇ ಮಾಡುವುದಂತೆ. ಪಾಪಯ್ಯನವರು ಲೇತ್ ಕೆಲಸದಲ್ಲಿ ಪಳಗಿದವರು, ವಯಸ್ಸಿನಲ್ಲಿ ನಮ್ಮ ತಂದೆಯ ಸಮ. ಮೀಸೆಯ ಕೆಳಗೇ ನಗುತ್ತಾ, "ಏನಮ್ಮಣ್ಣಿ ಇದು, ಒಳ್ಳೆ ಧಾರೆ ಎರೆಯೋ ಶಾಸ್ತ್ರ ಇದ್ದಂಗೈತಲ್ಲ!" ಅಂದರು. ಎರಡೂ ಪಾಳಿಯವರು ಹೊಟ್ಟೆ ಹಿಡಿದುಕೊಂಡು ನಕ್ಕರು. ನಾನು ಬಾಯೊಳಗೇ ಏನೋ ಗೊಣಗಿ, ಊಟದ ಡಬ್ಬಿ ಎತ್ತಿಕೊಂಡು ಲಗ್ಗೆರೆಯ ಮನೆವರೆಗೂ ತಲೆ ಎತ್ತದೆ ನಡೆದು ಬಂದೆ.

೧೨ ಜುಲೈ, ಗುರುವಾರ

ಐವತ್ತು ವಾಲ್ವು ಹೋದವು. ಹೋದ ರೀತಿ ಮಾತ್ರ ಸರಿಯಿಲ್ಲ.

ಕೊನೆಯ ಕೆಲಸ ಟೆಸ್ಟ್ ಬೆಂಚಿನದು. ವಾಲ್ವನ್ನು ಬಿಗಿದು, ಪಂಪಿನಿಂದ ಒಳಗೆ ನೀರು ಒತ್ತಿ, ಮೂರು ನಿಮಿಷ ಹಾಗೇ ಇಟ್ಟು ನೋಡಬೇಕು. ಒಂದು ಹನಿಯೂ ಹೊರಗೆ ಬರಬಾರದು. ಬೆಂಚಿನಲ್ಲಿ ಕೂರುವವಳು ಪಿಳ್ಳಮ್ಮ. ಅವಳ ಕಣ್ಣು ಸೂಜಿಗಿಂತ ಚೂಪು. ಹತ್ತು ಗಂಟೆಗೆ ಯಜಮಾನ ಕೃಷ್ಣಪ್ಪನವರು ಓಡಿಬಂದರು. ಅವರು ನಡೆದದ್ದನ್ನು ನಾನು ಈ ಎಂಟು ವರ್ಷದಲ್ಲಿ ನೋಡಿಲ್ಲ. ಲಾರಿ ನಿಂತಿದೆ ಅಂತ ನೆಟ್ಟಗೆ ಪಿಳ್ಳಮ್ಮನ ಹತ್ತಿರವೇ ಹೋಗಿ, "ಮೂರು ನಿಮಿಷ ಎಲ್ಲಾ ಬೇಡಮ್ಮ, ಒಂದೊಂದು ನಿಮಿಷ ಸಾಕು, ಬೇಗ ಬೇಗ" ಅಂದರು. ಪಿಳ್ಳಮ್ಮ ನನ್ನ ಮುಖ ನೋಡಿದಳು. ನಾನು ಡ್ರಿಲ್ ಬಿಟ್ಟುಗಳನ್ನು ಎಣಿಸುವವಳ ಹಾಗೆ ಬಗ್ಗಿಬಿಟ್ಟೆ.

ಯಜಮಾನರ ಮಾತು. ಅಡ್ಡ ಬರಲು ನಾನ್ಯಾರು?

೨೪ ಜುಲೈ, ಮಂಗಳವಾರ

ಐವತ್ತರಲ್ಲಿ ಒಂಬತ್ತು ಸೋರಿವೆ. ಹಡಗು ಕಟ್ಟುವವರು ಐವತ್ತನ್ನೂ ವಾಪಸ್ಸು ಕಳಿಸಿದ್ದಾರೆ. ಕಮಾಂಡರ್ ಸಾರ್ ಅಲ್ಲಿರುವ ಹಳೆಯ ಸ್ನೇಹಿತರಿಗೆ ಫೋನಿನಲ್ಲಿ ಮಾತು ಕೊಟ್ಟು ಇನ್ನೊಂದು ಅವಕಾಶ ಕೇಳಿಕೊಂಡಿದ್ದಾರೆ. ಆಗಸ್ಟ್ ಇಪ್ಪತ್ತೊಂದಕ್ಕೆ ಇನ್ನೂರು ವಾಲ್ವು ರೆಡಿ ಇರಬೇಕು, ಅವರ ಇನ್‌ಸ್ಪೆಕ್ಟರು ಇಲ್ಲಿಗೇ ಬಂದು ನೋಡುತ್ತಾರೆ. ಅದೂ ತಪ್ಪಿದರೆ ಬೆಳಗಿನ ಪಾಳಿಯನ್ನೇ ಮುಚ್ಚುತ್ತೇನೆ ಅಂತ ಯಜಮಾನರು ಎಲ್ಲರ ಮುಂದೆ ಹೇಳಿಬಿಟ್ಟರು. ಬೆಳಗಿನ ಪಾಳಿ ಅಂದರೆ ನಾವು ಹೆಂಗಸರು, ನನ್ನೂ ಸೇರಿಸಿ ಹದಿನೈದು ಜನ.

ಕಮಾಂಡರ್ ಸಾರ್ ನನ್ನನ್ನು ಕರೆದು, "ಹನ್ನೆರಡನೇ ತಾರೀಕು ಹತ್ತು ಗಂಟೆಗೆ ಪಾಳಿ ಯಾರ ಕೈಲಿತ್ತು?" ಅಂದರು.

"ಯಜಮಾನ್ರು ಹೇಳಿದ್ರು ಸಾರ್, ಒಂದು ನಿಮಿಷ ಸಾಕು ಅಂತ."

"ಯಾರು ಹೇಳಿದ್ರು ಅಂತ ನಾನು ಕೇಳ್ಲಿಲ್ಲ. ಪಾಳಿ ಯಾರ ಕೈಲಿತ್ತು?"

ನನಗೆ ಮೈಯೆಲ್ಲ ಉರಿಯಿತು. ಹೇಳಿದವರು ಅಲ್ಲಿ ಫ್ಯಾನ್ ಕೆಳಗೆ ಕೂತಿದ್ದಾರೆ, ಕೇಳಿಸಿಕೊಳ್ಳುವವಳು ನಾನು. ರಾಜೀನಾಮೆ ಬರೆದು ಮುಖಕ್ಕೆ ಎಸೆಯೋಣ ಅನ್ನಿಸಿತು. ಎಸೆಯಲಿಲ್ಲ. ಪಿಳ್ಳಮ್ಮನ ಮಗಳು ಹೈಸ್ಕೂಲಿಗೆ ಹೋಗುತ್ತಿದ್ದಾಳೆ, ಅವಳ ತಾಯಿ ನನ್ನಿಂದ ಮನೆಯಲ್ಲಿ ಕೂರುವ ಹಾಗಾಗಬಾರದು.

೨೫ ಜುಲೈ, ಬುಧವಾರ

ಊಟದ ಹೊತ್ತಿಗೆ ಕಮಾಂಡರ್ ಸಾರ್ ತಾವೇ ಬಂದು ನಮ್ಮ ಬೆಂಚಿನ ಹತ್ತಿರ ಕೂತರು. ಒಂದಷ್ಟು ನಟ್ಟುಗಳನ್ನು ಸಾಲಾಗಿ ಜೋಡಿಸಿ, "ಇದು ಫ್ಲೀಟು" ಅಂದರು. ಹಡಗುಗಳ ದಂಡು. ಅದಕ್ಕೆಲ್ಲ ಮೇಲೆ ಒಬ್ಬ ಫ್ಲೀಟ್ ಕಮಾಂಡರ್, ಅಡ್ಮಿರಲ್ ದರ್ಜೆಯವನು. ಎಲ್ಲಕ್ಕಿಂತ ದಪ್ಪ ನಟ್ಟನ್ನು ತೋರಿಸಿ, ಅವನು ಇರುವುದು ಈ ಹಡಗಿನಲ್ಲಿ ಅಂದರು.

"ಅಂಗಾರೆ ಈ ಅಡಗು ನಡೆಸೋನು ಅವ್ನೇ?" ಅಂತ ಪಿಳ್ಳಮ್ಮ ಬಾಯಿ ಹಾಕಿದಳು.

"ಅಲ್ಲ! ಅಲ್ಲೇ ಇರೋದು ಮಜಾ" ಅಂದರು. ಇಡೀ ದಂಡು ಎತ್ತ ಹೋಗಬೇಕು ಅಂತ ಹೇಳುವವನು ಅವನು. ಆದರೆ ತಾನು ನಿಂತಿರುವ ಹಡಗನ್ನು ಎಡಕ್ಕೆ ತಿರುಗಿಸು ಅಂತ ಚಕ್ರ ಹಿಡಿದವನಿಗೆ ಅವನು ಹೇಳುವಂತಿಲ್ಲ. ಆ ಹಡಗಿಗೆ ಅದರದೇ ಕ್ಯಾಪ್ಟನ್ ಇದ್ದಾನೆ, ಅವನಿಗೆ ಹೇಳಬೇಕು. ಕ್ಯಾಪ್ಟನ್ ಊಟಕ್ಕೋ ನಿದ್ದೆಗೋ ಹೋದಾಗ ಪಾಳಿಯ ಅಧಿಕಾರಿ ಮೇಲೆ ನಿಂತಿರುತ್ತಾನೆ. ಅವನಿಗೆ ಇಪ್ಪತ್ತೈದೇ ವರ್ಷವಾಗಿರಲಿ, ಆ ಹೊತ್ತಿನಲ್ಲಿ ಹಡಗು ಅವನ ಕೈಲಿ. ಅವನು ತಪ್ಪು ಮಾಡುತ್ತಿದ್ದಾನೆ ಅಂತ ಕ್ಯಾಪ್ಟನ್ನಿಗೆ ಅನ್ನಿಸಿದರೆ, "ಹಡಗು ನಾನು ತಗೊಂಡೆ" ಅಂತ ಎಲ್ಲರಿಗೂ ಕೇಳುವ ಹಾಗೆ ಹೇಳಬೇಕು, ಆ ಟೈಮು ಪುಸ್ತಕದಲ್ಲಿ ಬರಬೇಕು. ಅಲ್ಲಿಂದ ಮುಂದೆ ಏನಾದರೂ ಕ್ಯಾಪ್ಟನ್ನನ ತಲೆ ಮೇಲೆ. ಅಷ್ಟು ಹೇಳದೆ ಮಧ್ಯೆ ಮಧ್ಯೆ ಕೈ ಆಡಿಸುವ ಹಾಗಿಲ್ಲ.

"ಯಾಕೆ ಗೊತ್ತಾ?" ಅಂದರು. "ಇಬ್ಬರು ಅರ್ಧರ್ಧ ಹಿಡಿದ್ರೆ ಹಡಗು ಯಾರ ಕೈಲೂ ಇರಲ್ಲ."

ಕೇಳುವುದಕ್ಕೆ ಚೆನ್ನಾಗಿದೆ. ಆದರೆ ಆ ಕ್ಯಾಪ್ಟನ್ನುಗಳು ಯಾರೂ ಕೃಷ್ಣಪ್ಪನವರನ್ನು ನೋಡಿಲ್ಲ.

೩೦ ಜುಲೈ, ಸೋಮವಾರ

ಮಳೆ. ಕೆಸರು. ಚಪ್ಪಲಿ ಕಿತ್ತುಹೋಯಿತು. ಮೂವತ್ತೆರಡು ವಾಲ್ವು ಆದವು.

೬ ಆಗಸ್ಟ್, ಸೋಮವಾರ

ಯಜಮಾನರು ಇವತ್ತೂ ಓಡಿಬಂದು ಪಿಳ್ಳಮ್ಮನಿಗೆ ಏನೋ ಹೇಳಲು ಹೋದರು. ಅವಳು ಪಂಪಿನಿಂದ ಕೈ ತೆಗೆಯದೆ ಗಲ್ಲದಲ್ಲೇ ನನ್ನ ಕಡೆ ತೋರಿಸಿದಳು. ನಾಚಿಕೆ ಇಲ್ಲದವಳು! ನಾನು ಹೋಗಲೇಬೇಕಾಯಿತು.

"ಏನಾಗ್ಬೇಕು ಸಾರ್? ನನಗೆ ಹೇಳಿ."

"ಏನಿಲ್ಲಮ್ಮ, ಸ್ವಲ್ಪ ಬೇಗ ಬೇಗ ಅಂತ."

"ಬೇಗ ಆಗ್ಬೇಕು ಅಂದ್ರೆ ಇನ್ನೊಂದು ಬೆಂಚು ಕೊಡ್ಸಿ ಸಾರ್. ಮೂರು ನಿಮಿಷ ಮೂರು ನಿಮಿಷಾನೇ."

ಅವರು ಎಂದಿನಂತೆ ಓಡಿದರು.

ಮನೆಯಲ್ಲಿ ನಮ್ಮೆಜಮಾನರು ಅನ್ನಕ್ಕೆ ಕೂತಾಗ, "ಏನೇ, ಇತ್ತೀಚೆಗೆ ಮನೇಲೂ ಆರ್ಡರ್ ಮಾಡ್ತೀಯಲ್ಲ" ಅಂದರು. ನಾನೇನು ಆರ್ಡರ್ ಮಾಡಿದೆ? ಚೊಂಬು ತೊಳೆದು ಬೋರಲು ಹಾಕಿ ಅಂದೆ, ಅಷ್ಟೇ. ಅತ್ತೆ ಕಿಸಕ್ಕನೆ ನಕ್ಕರು. ಯಾಕೋ ತಿಳಿಯಲಿಲ್ಲ.

೧೦ ಆಗಸ್ಟ್, ಶುಕ್ರವಾರ

ಹೊರಗಿನ ಫೌಂಡ್ರಿಯಿಂದ ಇನ್ನೂ ಅರವತ್ತು ಎರಕ ಬಂದವು, ಸುರಿಯುವ ಮಳೆಯಲ್ಲಿ. ಹಳೆಯವುಗಳ ಜೊತೆ ಬೆರೆಯದಿರಲಿ ಅಂತ ಅರವತ್ತಕ್ಕೂ ಹಳದಿ ಬಣ್ಣದ ಗುರುತು ಹಾಕಿಸಿ, ಪಾಳಿ ಪುಸ್ತಕದಲ್ಲಿ ಬರೆದೆ. ಪಾಪಯ್ಯನವರು ನೋಡಿ, "ಅರಿಶಿನ ಹಚ್ಚಿದೀಯಲ್ಲ ಕಣಮ್ಮಣ್ಣಿ, ಯಾವತ್ತು ಮದುವೆ?" ಅಂದರು. "ಇಪ್ಪತ್ತೊಂದಕ್ಕೆ, ಊಟಕ್ಕೆ ಬನ್ನಿ" ಅಂದೆ. ಈ ಸಲ ಜನ ನಕ್ಕಿದ್ದು ಅವರನ್ನು ನೋಡಿ.

೧೭ ಆಗಸ್ಟ್, ಶುಕ್ರವಾರ

ಹಳದಿ ಗುರುತಿನವು ಬೆವರುತ್ತಿವೆ.

ಸೋರುವುದಲ್ಲ, ಹನಿ ಬೀಳುವುದಿಲ್ಲ. ಮೂರನೇ ನಿಮಿಷಕ್ಕೆ ಮೈ ಮೇಲೆ ಸಣ್ಣಗೆ ನೀರು ಮೂಡುತ್ತದೆ, ಅಷ್ಟೇ. ಮೊದಲು ಪಿಳ್ಳಮ್ಮ, "ಥಂಡಿಗೇನೋ ಅಕ್ಕ" ಅಂತ ಒರೆಸಿದಳು. ಮತ್ತೆ ಅದೇ ಜಾಗದಲ್ಲಿ ಮೂಡಿತು. ಅರವತ್ತೂ ನೋಡಿ ಮುಗಿಸುವ ಹೊತ್ತಿಗೆ ಇಂಥವು ಹನ್ನೊಂದು. ಉಳಿದ ನಲವತ್ತೊಂಬತ್ತು ಒಣಗಿವೆ. ಮಳೆಗಾಲದಲ್ಲಿ ಮರಳಿನ ಅಚ್ಚು ಹಸಿಯಾಗಿದ್ದರೆ ಎರಕದೊಳಗೆ ಸಣ್ಣ ಸಣ್ಣ ತೂತು ಉಳಿಯುತ್ತದೆ, ಕಣ್ಣಿಗೆ ಕಾಣುವುದಿಲ್ಲ. ಹೊಸ ಎರಕ ತರಿಸಲು ಹತ್ತು ದಿನ ಬೇಕು. ಇರುವುದು ನಾಲ್ಕೇ ದಿನ.

ಇಂಥದಕ್ಕೆ ಪೀಣ್ಯದಲ್ಲಿ ಎಲ್ಲರಿಗೂ ಗೊತ್ತಿರುವ ಔಷಧ ಒಂದಿದೆ. ಬೆವರುವ ಜಾಗದ ಮೇಲೆ ಗುಂಡುತಲೆಯ ಸುತ್ತಿಗೆಯಿಂದ ಹದವಾಗಿ ಬಡಿದರೆ ಲೋಹ ಹರಡಿ ತೂತು ಮುಚ್ಚಿಕೊಳ್ಳುತ್ತದೆ. ಪಾಪಯ್ಯನವರದು ಅದರಲ್ಲಿ ಎತ್ತಿದ ಕೈ. ಬಡಿದ ಗುರುತೂ ಕಾಣದ ಹಾಗೆ ಉಜ್ಜಿ ಕೊಡುತ್ತಾರೆ.

೧೮ ಆಗಸ್ಟ್, ಶನಿವಾರ

ಇದನ್ನು ಇವತ್ತೇ ಬರೆದುಬಿಡಬೇಕು.

ಹನ್ನೊಂದು ಗಂಟೆಗೆ ಕಮಾಂಡರ್ ಸಾರ್ ಬೆಂಚಿನ ಹತ್ತಿರ ಬಂದರು. ಎರಡು ದಿನದಿಂದ ಗಡ್ಡ ತೆಗೆದಿರಲಿಲ್ಲ. ಸ್ನೇಹಿತರಿಗೆ ಮಾತು ಕೊಟ್ಟಿದ್ದಾರಲ್ಲ, ಆ ಭಾರ ಮುಖದ ಮೇಲೆ ಕಾಣುತ್ತಿತ್ತು. ಬೆವರುವ ಹನ್ನೊಂದನ್ನೂ ನೋಡಿದರು. ಪಾಪಯ್ಯನವರು ಕೆಲಸ ಜಾಸ್ತಿ ಇದೆ ಅಂತ ಬೇಗ ಬಂದು ಅಲ್ಲೇ ನಿಂತಿದ್ದರು. ಸಾರ್ ನನ್ನ ಕಡೆ ನೋಡಲಿಲ್ಲ. "ಪಿಳ್ಳಮ್ಮ, ಇವನ್ನ ಪಾಪಯ್ಯನವರಿಗೆ ಕೊಡಿ. ಎರಡೆರಡು ಪೆಟ್ಟು ಹಾಕ್ತಾರೆ. ಆಮೇಲೆ ಮತ್ತೆ ಬೆಂಚಿಗಿಡಿ. ಇದೊಂದು ಸಲ" ಅಂದರು.

ಪಿಳ್ಳಮ್ಮ ನನ್ನ ಮುಖ ನೋಡಿದಳು.

ಯಜಮಾನರಾಗಿದ್ದರೆ ಇಷ್ಟು ಕಷ್ಟವಾಗುತ್ತಿರಲಿಲ್ಲ. ಇವರು ನನಗೆ ಅಕ್ಷರ ಕಲಿಸಿದ ಮೇಷ್ಟ್ರ ಹಾಗೆ. ಪಾಳಿ ಪುಸ್ತಕ ತೆರೆದು, ಪೆನ್ನು ಹಿಡಿದುಕೊಂಡು ಹೇಳಿದೆ.

"ಸಾರ್, ಪಾಳಿ ನೀವು ತಗೊಂಡ್ರಾ?"

ಅವರಿಗೆ ಮೊದಲು ಅರ್ಥವಾಗಲಿಲ್ಲ. "ಏನು?"

"ತಗೊಂಡಿದ್ರೆ ಎಲ್ರಿಗೂ ಕೇಳೋ ಹಾಗೆ ಹೇಳಿ ಸಾರ್, ಟೈಮ್ ಹಾಕಿ ಬರ್ಕೋತೀನಿ. ಆಮೇಲೆ ನೀವು ಹೇಳಿದ್ದೇ ಆಗುತ್ತೆ. ತಗೊಂಡಿಲ್ಲ ಅಂದ್ರೆ ಸುತ್ತಿಗೆ ಮುಟ್ಟೋಕೆ ನಾನು ಬಿಡಲ್ಲ."

ಒಂದೊಂದಾಗಿ ಮೆಷಿನ್ನುಗಳು ನಿಂತವು. ಶೀಟಿನ ಮೇಲೆ ಮಳೆ ಬೀಳುವುದು ಕೇಳಿಸುತ್ತಿತ್ತು. ಸಾರ್ ಮುಖ ಕೆಂಪಾಯಿತು. ಇಪ್ಪತ್ತೆರಡು ವರ್ಷದ ಅಧಿಕಾರಿ, ಹೆಂಗಸರ ಮುಂದೆ, ಅದೂ ನನ್ನಂಥವಳ ಬಾಯಲ್ಲಿ. ಮುಗಿಯಿತು, ನಾಳೆಯಿಂದ ಮನೆಯಲ್ಲಿ ಸೊಪ್ಪು ಸೋಸುವುದೇ ಅಂದುಕೊಂಡೆ.

ಅವರು ಆ ಹನ್ನೊಂದರಲ್ಲಿ ಒಂದನ್ನು ಎತ್ತಿ, ತಿರುಗಿಸಿ ನೋಡಿ ಕೆಳಗಿಟ್ಟರು. ಆಮೇಲೆ ನೆಟ್ಟಗೆ ನಿಂತು, "ಇಲ್ಲ. ಪಾಳಿ ನಿಮ್ಮ ಕೈಲೇ ಇದೆ. ನಿಮ್ಮನ್ನ ಬಿಟ್ಟು ಪಿಳ್ಳಮ್ಮನಿಗೆ ಹೇಳಿದ್ದು ನನ್ನ ತಪ್ಪು. ಅದನ್ನೂ ಬರ್ಕೊಳ್ಳಿ" ಅಂದರು. ಬರೆದುಕೊಂಡೆ. ಹನ್ನೊಂದು ಗಂಟೆ ಇಪ್ಪತ್ತು ನಿಮಿಷ.

"ಈಗ ಏನು ಮಾಡ್ತೀರಿ?" ಅಂತ ಕೇಳಿದರು. ನಿಜವಾಗಿ ಕೇಳಿದರು, ಪರೀಕ್ಷೆ ಮಾಡಲು ಅಲ್ಲ.

ಅಷ್ಟು ದೂರ ನಾನು ಯೋಚಿಸಿರಲಿಲ್ಲ. ಆದರೆ ಬಾಯಿ ತೆರೆದಾಗ ಮಾತು ಬಂತು. "ಹನ್ನೊಂದೇ ಅಲ್ಲ ಸಾರ್, ಅರವತ್ತೂ ಕೊಡಲ್ಲ. ಒಂದೇ ದಿನದ ಎರಕ. ಇವತ್ತು ಒಣಗಿರೋದು ನಾಳೆ ಬೆವರುತ್ತೆ."

"ಅರವತ್ತೂ ಬಿಟ್ರೆ ಯಜಮಾನ್ರು ನಿನ್ನ ಬಿಡ್ತಾರಾ?" ಅಂದರು ಪಾಪಯ್ಯನವರು. ಆಮೇಲೆ ಕೈಯಲ್ಲಿದ್ದ ಸುತ್ತಿಗೆಯನ್ನು ಡಬ್ಬಿಯೊಳಗೆ ಇಡುತ್ತಾ, ಯಾರಿಗೂ ಅಲ್ಲದ ಹಾಗೆ ಹೇಳಿದರು. "ಪೆಟ್ಟು ಆಕಿದ್ದು ನಾಕು ತಿಂಗ್ಳು ನಿಲ್ತದೆ ಅಷ್ಟೇಯ. ಆಮ್ಯಾಕೆ ಬಾಯಿ ಬಿಡ್ತದೆ. ಎಷ್ಟು ಬಡಿದಿಲ್ಲ ನಾನು."

೨೦ ಆಗಸ್ಟ್, ಸೋಮವಾರ

ಯಜಮಾನರು ಕೂಗಾಡಿದರು. ಇನ್ನೂರು ಕೇಳಿದವರಿಗೆ ನೂರನಲವತ್ತು ಕೊಟ್ಟರೆ ಉಗಿದು ಕಳಿಸುತ್ತಾರೆ, ಯಾರು ತೀರ್ಮಾನ ಮಾಡಿದ್ದು ಇದನ್ನು ಅಂದರು. "ನಾನು" ಅಂದೆ. ಕಮಾಂಡರ್ ಸಾರ್, "ತೀರ್ಮಾನ ಆಕೇದು. ಆಕೇನ ಅಲ್ಲಿ ನಿಲ್ಲಿಸಿದ್ದು ನಾನು. ಬೈಯೋದಿದ್ರೆ ನನಗೆ ಬೈಯಿರಿ" ಅಂದರು. ಯಜಮಾನರಿಗೆ ಇಬ್ಬರಲ್ಲಿ ಯಾರಿಗೆ ಬೈಯಬೇಕೋ ತಿಳಿಯದೆ ಕ್ಯಾಂಟೀನಿನವನಿಗೆ ಬೈದರು.

ನಾಳೆ ಬೆಳಗಿನ ಪಾಳಿ ಉಳಿಯುತ್ತದೋ ಇಲ್ಲವೋ. ಹೆದರಿಕೆ ಆಗಿದೆ. ಆದರೆ ಜುಲೈ ಹನ್ನೆರಡರ ರಾತ್ರಿ ಬಂದಿರದ ನಿದ್ದೆ ಇವತ್ತು ಬರುವ ಹಾಗಿದೆ.

೨೧ ಆಗಸ್ಟ್, ಮಂಗಳವಾರ

ಇನ್‌ಸ್ಪೆಕ್ಟರು ಸಣ್ಣ ಆಳು, ಕನ್ನಡಕ, ಮಾತೇ ಇಲ್ಲ. ಕನ್ನಡ ಅರ್ಧಂಬರ್ಧ. ಬಂದವರೇ ಸಾಲು ಎಣಿಸಿ, "ಇನ್ನೂರು ಅಲ್ವಾ? ಈ ಲಾಟಿಗೆ ಜವಾಬ್ದಾರಿ ಯಾರು?" ಅಂದರು. ಯಜಮಾನರು ಬಾಯಿ ತೆರೆದು ಕಮಾಂಡರ್ ಸಾರ್ ಮುಖ ನೋಡಿದರು. ಸಾರ್ ನನ್ನನ್ನು ನೋಡಿದರು.

"ನಾನು ಸಾರ್. ಈಶ್ವರಮ್ಮ, ಬೆಳಗಿನ ಪಾಳಿ. ನೂರನಲವತ್ತು ಕೊಡ್ತೀವಿ. ಅರವತ್ತು ನಾವೇ ತೆಗೆದಿಟ್ಟಿದ್ದೀವಿ, ಎರಕ ಸರಿಯಿಲ್ಲ."

ಅವರು ನೂರನಲವತ್ತರ ಕಡೆ ಹೋಗಲೇ ಇಲ್ಲ. ಹಳದಿ ಗುರುತಿನ ರಾಶಿಯಿಂದ ಒಂದನ್ನು ತಾವೇ ಎತ್ತಿಕೊಂಡರು, ಒಣಗಿದ್ದರಲ್ಲಿ ಒಂದು. ಬೆಂಚಿಗೆ ಬಿಗಿಸಿದರು. ಮೂರು ನಿಮಿಷವಾಯಿತು, ಏನೂ ಇಲ್ಲ. "ಇದು ಸರಿ ಇದೆ. ಯಾಕೆ ತೆಗೆದ್ರಿ?" ಅಂದರು. ಯಜಮಾನರು ಹಣೆ ಒತ್ತಿಕೊಂಡರು.

"ಇನ್ನೂ ಸ್ವಲ್ಪ ಇಡಿ ಸಾರ್" ಅಂದೆ.

ಐದು ನಿಮಿಷ. ಆರು. ಪಿಳ್ಳಮ್ಮ ಪಂಪಿನಿಂದ ಕೈ ತೆಗೆಯಲಿಲ್ಲ. ಏಳನೇ ನಿಮಿಷದಲ್ಲಿ ವಾಲ್ವಿನ ಕತ್ತಿನ ಹತ್ತಿರ ಸಾಸಿವೆಯಷ್ಟು ನೀರು ಮೂಡಿತು. ಸೋರುವ ವಾಲ್ವು ನೋಡಿ ಇಷ್ಟು ಸಂತೋಷಪಟ್ಟವರು ಈ ಪೀಣ್ಯದಲ್ಲಿ ಇನ್ನೊಬ್ಬರು ಇರಲಾರರು. ಇನ್‌ಸ್ಪೆಕ್ಟರು ಬೆರಳಲ್ಲಿ ಮುಟ್ಟಿ ನೋಡಿದರು, ನನ್ನ ಪಾಳಿ ಪುಸ್ತಕ ಕೇಳಿದರು. ಪುಟ ಪುಟ ತಿರುವಿ, ಓದಲು ಬಾರದ ಕಡೆಯಲ್ಲೆಲ್ಲ ಸಾರ್ ಹತ್ತಿರ ಓದಿಸಿಕೊಂಡರು. ಹದಿನೆಂಟನೇ ತಾರೀಕಿನ ಹನ್ನೊಂದು ಇಪ್ಪತ್ತನ್ನೂ ಸಾರ್ ಒಂದಕ್ಷರ ಬಿಡದೆ ಓದಿ ಹೇಳಿದರು. ಆ ಮನುಷ್ಯ ಅವರನ್ನೊಮ್ಮೆ, ನನ್ನನ್ನೊಮ್ಮೆ ನೋಡಿ, ರಾತ್ರಿಯವರೆಗೂ ಕೂತು ನೂರನಲವತ್ತನ್ನೂ ಪರೀಕ್ಷೆ ಮಾಡಿ ಸಹಿ ಹಾಕಿದರು. ಆರ್ಡರ್ ಬಗ್ಗೆ ಏನೂ ಹೇಳಲಿಲ್ಲ.

೧೨ ಸೆಪ್ಟೆಂಬರ್, ಬುಧವಾರ

ಕಾಗದ ಬಂತು. ಮೂರು ವರ್ಷದ ಆರ್ಡರ್! ಬೆಳಗಿನ ಪಾಳಿ ಉಳಿಯಿತು. ಪಿಳ್ಳಮ್ಮ ನನ್ನ ಕೆನ್ನೆ ಹಿಂಡಿ ಅತ್ತುಬಿಟ್ಟಳು. ಪಾಪಯ್ಯನವರು ಎರಡೂ ಪಾಳಿಗೆ ಮೈಸೂರುಪಾಕು ತರಿಸಿ, ಎರಡು ಗಂಟೆಗೆ ನನ್ನ ಎದುರು ನೆಟ್ಟಗೆ ನಿಂತು "ಪಾಳಿ ನನ್ನ ಕೈಲೈತೆ" ಅಂದಾಗ ಯಾರೂ ನಗಲಿಲ್ಲ. ಅವರ ಮೀಸೆಯ ಕೆಳಗೂ ನಗು ಇರಲಿಲ್ಲ.

ಕಾಗದದಲ್ಲಿ ಇನ್ನೊಂದು ವಿಷಯವಿತ್ತು. ಕಮಾಂಡರ್ ಸಾರ್ ನನ್ನನ್ನು ಕರೆದು ಓದಿ ಹೇಳಿದರು. ಇನ್ನು ಮುಂದೆ ಪ್ರತಿ ಲಾಟಿಗೂ ಇನ್‌ಸ್ಪೆಕ್ಟರು ಬರುವುದಿಲ್ಲವಂತೆ. ಬೆಳಗಿನ ಪಾಳಿಯ ಇನ್‌ಚಾರ್ಜು ಟೆಸ್ಟ್ ಸರ್ಟಿಫಿಕೇಟಿಗೆ ಸಹಿ ಹಾಕಿ ಕಳಿಸಿದರೆ ಸಾಕು, ಅದನ್ನೇ ಒಪ್ಪಿಕೊಳ್ಳುತ್ತಾರಂತೆ. ಆ ಸಹಿಯ ಮಾದರಿ ಮೂರು ಸಲ ಹಾಕಿ ಕಳಿಸಬೇಕು.

"ಯಾವ ಸಹಿ ಸಾರ್?"

"ನಿಮ್ಮದು."

ನಾನು ಕುರ್ಚಿ ಎಳೆದುಕೊಂಡು ಕೂತೆ. ಮ್ಯಾನೇಜರ ಮುಂದೆ ಕೂತಿದ್ದೇನೆ ಅನ್ನುವುದು ಆಮೇಲೆ ಹೊಳೆಯಿತು.

ಯಜಮಾನರು ಪಕ್ಕದಿಂದ, "ಇಂಗ್ಲಿಷಲ್ಲಿ ಹಾಕಮ್ಮ, ದೊಡ್ಡವರು ನೋಡ್ತಾರೆ" ಅಂದರು. "ನನ್ನ ಸಹಿ ಕನ್ನಡದಲ್ಲೇ ಸಾರ್ ಇರೋದು" ಅಂದೆ. ಅವರು ಸರಿ ಅಂತ ತಮ್ಮ ಒಳ್ಳೆಯ ಪೆನ್ನು ಕೊಟ್ಟರು. ಮೊದಲನೆಯದು ಸೊಟ್ಟಗಾಯಿತು. ಎರಡನೆಯದು ಪರವಾಗಿಲ್ಲ. ಮೂರನೆಯದು ಚೆನ್ನಾಗಿ ಬಂತು.

ಸಾರ್ ಇಂಕು ಆರಲು ಬಿಟ್ಟು ಹೇಳಿದರು. "ಹಡಗಲ್ಲಿ ಬೆಂಕಿ ಬಿದ್ದಾಗ ವಾಲ್ವು ತಿರುಗಿಸೋ ನಾವಿಕ ಅಡ್ಮಿರಲ್‌ನ ಕೇಳಲ್ಲ, ಕ್ಯಾಪ್ಟನ್‌ನೂ ಕೇಳಲ್ಲ. ಟೈಮ್ ಇರಲ್ಲ. ನೀರು ಬರುತ್ತೆ ಅಂತ ನಂಬಿ ತಿರುಗಿಸ್ತಾನೆ. ಅವನು ನಂಬೋದು ನಿಮ್ಮನ್ನ."

ನಾನು ಸಮುದ್ರ ನೋಡಿದವಳಲ್ಲ. ಬಸ್ಸಿನಲ್ಲಿ ಧರ್ಮಸ್ಥಳದವರೆಗೆ ಹೋಗಿ ಬಂದಿದ್ದೇನೆ, ಅಷ್ಟೇ. ಆದರೆ ಆ ಮನುಷ್ಯ ಯಾರೋ, ಯಾವ ಊರಿನವನೋ, ಇನ್ನೂ ಹಡಗು ಹತ್ತಿದ್ದಾನೋ ಇಲ್ಲವೋ, ಅವನ ಮೇಲೆ ನನಗೆ ಈಗಲೇ ಅಕ್ಕರೆ ಬಂದುಬಿಟ್ಟಿದೆ. ಮುಂದಿನ ಲಾಟಿನ ಎರಕವನ್ನು ಫೌಂಡ್ರಿಯಲ್ಲಿ ನಾಳೆ ಬೆಳಿಗ್ಗೆ ಹೊಯ್ಯುತ್ತಾರೆ. ಮಳೆ ಇನ್ನೂ ನಿಂತಿಲ್ಲ. ನಾಲ್ಕಕ್ಕೇ ಎದ್ದು, ಪಾಳಿಗೆ ಮೊದಲು ಅಲ್ಲಿಗೆ ಹೋಗಿ ಅಚ್ಚಿನ ಮರಳನ್ನು ಕೈಯಲ್ಲಿ ಹಿಡಿದು ನೋಡಿಯೇ ಹೊಯ್ಯಲು ಬಿಡಬೇಕು. ಹಸಿ ಇದ್ದರೆ ಹೊಯ್ಯುವ ಹಾಗಿಲ್ಲ.